ರಿಚರ್ಡ್ ಬರ್ಡನ್ ಹಾಲ್ಡೇನ್

ರಿಚರ್ಡ್ ಬರ್ಡನ್ ಹಾಲ್ಡೇನ್ (30 ಜುಲೈ 1856 – 19 ಆಗಸ್ಟ್ 1928) ಬ್ರಿಟನ್ನಿನ ರಾಜಕಾರಣಿ, ನ್ಯಾಯವಾದಿ ಹಾಗೂ ತತ್ತ್ವಶಾಸ್ತ್ರಜ್ಞ. 1905ರಿಂದ 1912ರವರೆಗೆ ಯುದ್ಧ ಖಾತೆಯ ಸಚಿವರಾಗಿದ್ದ ಇವರು ಬ್ರಿಟಿಷ್ ಸೈನ್ಯದ ಪುನಾರಚನೆ ಮಾಡಿದರು. ಕೌಂಟಿಗಳ ಆಧಾರದ ಮೇಲೆ ನಾಗರಿಕ ಸ್ವಯಂಸೇವಕರನ್ನು ಸಂಘಟಿಸಿ ಟೆರಿಟೋರಿಯಲ್ ಫೋರ್ಸ್ (ಪ್ರಾದೇಶಿಕ ಪಡೆ) ಎಂಬ ಮೀಸಲು ಸೈನ್ಯವನ್ನು ಕಟ್ಟಿದ್ದು ಇವರ ಮುಖ್ಯ ಸಾಧನೆ. ಮೊದಲನೆಯ ಮಹಾಯುದ್ಧದ ಆರಂಭದ ತಿಂಗಳುಗಳಲ್ಲಿ ಈ ಪಡೆ ರಣರಂಗದಲ್ಲಿ ನೆಲೆನಿಂತು ಹೋರಾಡುತ್ತಿದ್ದಾಗಲೇ, ಅದನ್ನು ಕಟ್ಟಿದ ಹಾಲ್ಡೇನ್ ಜರ್ಮನಿಯ ಪಕ್ಷಪಾತಿ ಎಂಬ ಅಪವಾದಕ್ಕೆ ಗುರಿಯಾಗಿ ಮಂತ್ರಿಮಂಡಲದಿಂದ ಹೊರಬೀಳಬೇಕಾಯಿತು.

ಬಾಲ್ಯ ಮತ್ತು ವಿದ್ಯಾಭ್ಯಾಸ

ಹಾಲ್ಡೇನ್ ಸ್ಕಾಟ್ಲೆಂಡಿನ ಎಡಿನ್‌ಬರೋ ನಗರದಲ್ಲಿ ಜನಿಸಿದರು. ತಂದೆ ರಾಬರ್ಟ್ ಹಾಲ್ಡೇನ್ ವಕೀಲರು. ತಾಯಿ ಮೇರಿ ಎಲಿಜಬೆತ್ ಬರ್ಡನ್ ಸ್ಯಾಂಡರ್ಸನ್. ಕುಟುಂಬದ ಹಳ್ಳಿಯ ಮನೆ ಪರ್ತ್‌ಶೈರ್ ಪ್ರಾಂತ್ಯದ ಕ್ಲೋನ್ ಎಂಬಲ್ಲಿತ್ತು. ಎಡಿನ್‌ಬರೋ ಅಕಾಡೆಮಿಯಲ್ಲಿ ಶಾಲಾ ಶಿಕ್ಷಣ ಮುಗಿಸಿದ ಬಳಿಕ, 1874ರಲ್ಲಿ ಜರ್ಮನಿಯ ಗಟಿಂಗೆನ್ ವಿಶ್ವವಿದ್ಯಾಲಯಕ್ಕೆ ತೆರಳಿ ಹರ್ಮನ್ ಲೋಟ್ಸೆ ಎಂಬ ತತ್ತ್ವಶಾಸ್ತ್ರಜ್ಞರ ಪಾಠಗಳನ್ನು ಕೇಳಿದರು. ಜರ್ಮನ್ ಭಾಷೆ, ಸಾಹಿತ್ಯ ಹಾಗೂ ತತ್ತ್ವಚಿಂತನೆಯ ಮೇಲಿನ ಒಲವು ಇಲ್ಲಿಂದ ಆರಂಭವಾಗಿ ಜೀವನದುದ್ದಕ್ಕೂ ಉಳಿಯಿತು.

ಸ್ವದೇಶಕ್ಕೆ ಮರಳಿದ ಮೇಲೆ 1876ರಲ್ಲಿ ಎಡಿನ್‌ಬರೋ ವಿಶ್ವವಿದ್ಯಾಲಯದಿಂದ ತತ್ತ್ವಶಾಸ್ತ್ರದಲ್ಲಿ ಪ್ರಥಮ ದರ್ಜೆಯ ಪದವಿ ಪಡೆದರು. ಅನಂತರ ಲಂಡನ್ನಿನಲ್ಲಿ ನ್ಯಾಯಶಾಸ್ತ್ರವನ್ನು ಅಭ್ಯಸಿಸಿ 1879ರಲ್ಲಿ ವಕೀಲಿವೃತ್ತಿಗೆ ಸೇರಿದರು. 1890ರಲ್ಲಿ ರಾಣಿಯ ನ್ಯಾಯವಾದಿ ಎಂಬ ಹಿರಿಯ ಪದವಿ ದೊರೆಯಿತು. ಜಾನ್ ಕೆಂಪ್ ಅವರೊಡಗೂಡಿ ಜರ್ಮನ್ ತತ್ತ್ವಜ್ಞಾನಿ ಶೋಪೆನ್‌ಹಾವರ್ ಅವರ ಪ್ರಮುಖ ಗ್ರಂಥವನ್ನು ಮೂರು ಸಂಪುಟಗಳಲ್ಲಿ ಇಂಗ್ಲಿಷಿಗೆ ಅನುವಾದಿಸಿದ್ದು ಇದೇ ಕಾಲಘಟ್ಟದಲ್ಲಿ. ಹಾಲ್ಡೇನ್ ಕೊನೆಯವರೆಗೂ ಅವಿವಾಹಿತರಾಗಿಯೇ ಉಳಿದರು.

ರಾಜಕೀಯ ಪ್ರವೇಶ

1885ರಲ್ಲಿ ಹಾಲ್ಡೇನ್ ಲಿಬರಲ್ ಪಕ್ಷದ ಅಭ್ಯರ್ಥಿಯಾಗಿ ಸ್ಕಾಟ್ಲೆಂಡಿನ ಹ್ಯಾಡಿಂಗ್ಟನ್‌ಶೈರ್ ಕ್ಷೇತ್ರದಿಂದ ಸಂಸತ್ತಿನ ಕೆಳಮನೆಗೆ ಆಯ್ಕೆಯಾದರು. 1911ರಲ್ಲಿ ವೈಕೌಂಟ್ ಪದವಿ ಪಡೆದು ಮೇಲ್ಮನೆಗೆ ಹೋಗುವವರೆಗೂ ಅದೇ ಕ್ಷೇತ್ರವನ್ನು ಪ್ರತಿನಿಧಿಸಿದರು. ಉನ್ನತ ಶಿಕ್ಷಣ ಇವರ ವಿಶೇಷ ಆಸಕ್ತಿಯ ವಿಷಯವಾಗಿತ್ತು. ಲಂಡನ್ ಅರ್ಥಶಾಸ್ತ್ರ ಶಾಲೆಯ ಸ್ಥಾಪನೆಯಲ್ಲಿ ಸಿಡ್ನಿ ವೆಬ್ ಮತ್ತು ಬಿಯಾಟ್ರಿಸ್ ವೆಬ್ ದಂಪತಿಗಳಿಗೆ ನೆರವಾದರು. 1907ರಲ್ಲಿ ಆರಂಭವಾದ ಇಂಪೀರಿಯಲ್ ಕಾಲೇಜಿನ ಹಿಂದೆಯೂ ಇವರ ಪರಿಶ್ರಮವಿತ್ತು.

ಯುದ್ಧ ಖಾತೆಯ ಸಚಿವರಾಗಿ

1905ರ ಡಿಸೆಂಬರ್‌ನಲ್ಲಿ ಲಿಬರಲ್ ಪಕ್ಷ ಅಧಿಕಾರಕ್ಕೆ ಬಂದಾಗ ಹಾಲ್ಡೇನ್ ಯುದ್ಧ ಖಾತೆಯನ್ನು ವಹಿಸಿಕೊಂಡರು. ಸೈನಿಕ ಅನುಭವವಿಲ್ಲದ ವಕೀಲರೊಬ್ಬರಿಗೆ ಇದು ಕಠಿಣವಾದ ಹೊಣೆಯಾಗಿತ್ತು. 1899ರಿಂದ 1902ರವರೆಗೆ ದಕ್ಷಿಣ ಆಫ್ರಿಕಾದಲ್ಲಿ ನಡೆದ ಬೋಯರ್ ಯುದ್ಧವು ಬ್ರಿಟಿಷ್ ಸೈನ್ಯದ ನ್ಯೂನತೆಗಳನ್ನು ಬಯಲಿಗೆಳೆದಿತ್ತು. ಕಾಯಂ ಸೈನ್ಯದ ಹಿಂದೆ ಮೂರು ಬಗೆಯ ಸಹಾಯಕ ಪಡೆಗಳಿದ್ದವು: ಬಹಳ ಹಳೆಯದಾದ ಮಿಲಿಷಿಯಾ, ಕುದುರೆ ಸವಾರರ ಯೋಮನ್ರಿ, ಮತ್ತು 1859ರಲ್ಲಿ ಫ್ರಾನ್ಸಿನ ಆಕ್ರಮಣದ ಭೀತಿಯಿಂದ ಹುಟ್ಟಿಕೊಂಡ ಸ್ವಯಂಸೇವಕ ಪಡೆ. ಇವುಗಳ ನಡುವೆ ಸಮನ್ವಯವಿರಲಿಲ್ಲ. ಸ್ವಯಂಸೇವಕ ತುಕಡಿಗಳನ್ನು ಆಯಾ ಊರಿನ ಗಣ್ಯರು ತಮ್ಮ ಖರ್ಚು, ತಮ್ಮ ಅಭಿರುಚಿಯಂತೆ ನಡೆಸುತ್ತಿದ್ದರು. ಯುದ್ಧಕ್ಕೆ ಅಗತ್ಯವಾದ ಫಿರಂಗಿ ದಳ, ವೈದ್ಯಕೀಯ ದಳ ಹಾಗೂ ಸಾಗಣೆಯ ಏರ್ಪಾಡುಗಳು ಸಾಲದಾಗಿದ್ದವು. ಈ ಪಡೆಗಳು ರಣರಂಗಕ್ಕೆ ಯೋಗ್ಯವಾಗಿಲ್ಲವೆಂದು 1904ರಲ್ಲಿ ನಾರ್ಫೋಕ್ ಆಯೋಗ ವರದಿ ಮಾಡಿತ್ತು.

ಹಾಲ್ಡೇನ್ ಅವರ ಯೋಜನೆಯಲ್ಲಿ ಸೈನ್ಯಕ್ಕೆ ಎರಡು ಸಾಲುಗಳಿದ್ದವು. ಆರು ಪದಾತಿ ಡಿವಿಜನ್‌ಗಳು ಮತ್ತು ಒಂದು ಅಶ್ವದಳದ ಡಿವಿಜನ್ ಇರುವ, ತಡವಿಲ್ಲದೆ ಯೂರೋಪ್ ಖಂಡಕ್ಕೆ ಹೊರಡಬಲ್ಲ ದಂಡಯಾತ್ರಾ ಪಡೆ ಮೊದಲನೆಯ ಸಾಲು. ನಾಗರಿಕರಿಂದಲೇ ಕೂಡಿದ, ಸ್ವದೇಶದ ರಕ್ಷಣೆಗೆ ನಿಲ್ಲುವ ಪ್ರಾದೇಶಿಕ ಪಡೆ ಎರಡನೆಯ ಸಾಲು. ಈ ಯೋಜನೆಗೆ ರೂಪ ಕೊಡುವಲ್ಲಿ ಸೇನಾಧಿಕಾರಿಗಳಾದ ಜೆರಾಲ್ಡ್ ಎಲಿಸನ್ ಮತ್ತು ಡಗ್ಲಸ್ ಹೇಗ್ ನೆರವಾದರು. ಭಾರತದಲ್ಲಿ ಅಶ್ವದಳದ ಮುಖ್ಯಾಧಿಕಾರಿಯಾಗಿದ್ದ ಹೇಗ್ ಅವರನ್ನು ಈ ಕೆಲಸಕ್ಕಾಗಿಯೇ ಲಂಡನ್ನಿಗೆ ಕರೆಸಿಕೊಳ್ಳಲಾಯಿತು. ಸಮಗ್ರ ಯೋಜನೆಗಾಗಿ ಸೇನಾ ಪ್ರಧಾನ ಕಚೇರಿಯ ವ್ಯವಸ್ಥೆಯನ್ನೂ, ಶಾಲೆ ಮತ್ತು ವಿಶ್ವವಿದ್ಯಾಲಯಗಳಲ್ಲಿ ಅಧಿಕಾರಿಗಳ ತರಬೇತಿ ದಳವನ್ನೂ ಹಾಲ್ಡೇನ್ ಬೆಳೆಸಿದರು.

ಪ್ರಾದೇಶಿಕ ಪಡೆಯ ರಚನೆ

1907ರ ಪ್ರಾದೇಶಿಕ ಮತ್ತು ಮೀಸಲು ಪಡೆಗಳ ಅಧಿನಿಯಮದ ಪ್ರಕಾರ 1908ರ ಏಪ್ರಿಲ್ 1ರಂದು ಟೆರಿಟೋರಿಯಲ್ ಫೋರ್ಸ್ ಅಸ್ತಿತ್ವಕ್ಕೆ ಬಂದಿತು. ಯೋಮನ್ರಿ ಮತ್ತು ಸ್ವಯಂಸೇವಕ ಪಡೆಗಳು ಅದರಲ್ಲಿ ಲೀನವಾದವು. ಮಿಲಿಷಿಯಾದ ಹಿರಿಯ ಅಧಿಕಾರಿಗಳು ಈ ವಿಲೀನಕ್ಕೆ ಒಪ್ಪದಿದ್ದುದರಿಂದ ಆ ಪಡೆಯನ್ನು ಕಾಯಂ ಸೈನ್ಯಕ್ಕೆ ಸೈನಿಕರನ್ನು ಒದಗಿಸುವ ವಿಶೇಷ ಮೀಸಲು ಪಡೆಯನ್ನಾಗಿ ಮಾರ್ಪಡಿಸಲಾಯಿತು. ಹೊಸ ಪಡೆಯಲ್ಲಿ 14 ಪದಾತಿ ಡಿವಿಜನ್‌ಗಳೂ 14 ಕುದುರೆ ಸವಾರರ ಬ್ರಿಗೇಡ್‌ಗಳೂ ಇದ್ದವು. ಪ್ರತಿ ಡಿವಿಜನ್ನಿಗೂ ಅದರದೇ ಫಿರಂಗಿ, ಎಂಜಿನಿಯರ್ ಮತ್ತು ವೈದ್ಯಕೀಯ ದಳಗಳನ್ನು ಒದಗಿಸಲಾಯಿತು.

ಆಡಳಿತವನ್ನು ಕೌಂಟಿ ಸಂಘಗಳಿಗೆ ವಹಿಸಿದ್ದು ಈ ವ್ಯವಸ್ಥೆಯ ವೈಶಿಷ್ಟ್ಯ. ಕೌಂಟಿಯಲ್ಲಿ ದೊರೆಯ ಪ್ರತಿನಿಧಿಯಾದ ಲಾರ್ಡ್ ಲೆಫ್ಟಿನೆಂಟ್ ಸಾಮಾನ್ಯವಾಗಿ ಸಂಘದ ಅಧ್ಯಕ್ಷರಾಗಿರುತ್ತಿದ್ದರು. ಸೈನಿಕರ ನೇಮಕ, ಕವಾಯತು ಭವನಗಳ ನಿರ್ಮಾಣ, ಸಮವಸ್ತ್ರ ಮತ್ತು ಸಲಕರಣೆಗಳ ಪೂರೈಕೆ ಸಂಘದ ಹೊಣೆ. ತರಬೇತಿ ಮತ್ತು ಯುದ್ಧಕಾಲದ ನಾಯಕತ್ವ ಸೈನ್ಯಾಧಿಕಾರಿಗಳ ಹೊಣೆ. 1907ರ ಅಕ್ಟೋಬರ್‌ನಲ್ಲಿ ದೊರೆ ಏಳನೆಯ ಎಡ್ವರ್ಡ್ ಲಾರ್ಡ್ ಲೆಫ್ಟಿನೆಂಟರನ್ನು ಅರಮನೆಗೆ ಕರೆಸಿ ಈ ಕಾರ್ಯಕ್ಕೆ ತಮ್ಮ ಬೆಂಬಲವಿದೆಯೆಂದು ತಿಳಿಸಿದರು.

ಪದಾತಿ ಬೆಟಾಲಿಯನ್‌ಗಳು ಆಯಾ ಕೌಂಟಿಯ ರೆಜಿಮೆಂಟಿನ ಹೆಸರನ್ನೇ ಹೊತ್ತು, ಕಾಯಂ ಬೆಟಾಲಿಯನ್‌ಗಳ ಮುಂದಿನ ಕ್ರಮಸಂಖ್ಯೆಗಳನ್ನು ಪಡೆದವು. ಉದಾಹರಣೆಗೆ, ಇಂಗ್ಲೆಂಡಿನ ಈಶಾನ್ಯ ಭಾಗದ ಡರ್ಹಮ್ ಲೈಟ್ ಇನ್‌ಫೆಂಟ್ರಿಯಲ್ಲಿ 5ರಿಂದ 9ರವರೆಗಿನ ಐದು ಬೆಟಾಲಿಯನ್‌ಗಳು ಪ್ರಾದೇಶಿಕ ಪಡೆಗೆ ಸೇರಿದ್ದವು. ಅವುಗಳ ಕೇಂದ್ರಗಳು ಕ್ರಮವಾಗಿ ಸ್ಟಾಕ್‌ಟನ್, ಬಿಷಪ್ ಆಕ್ಲೆಂಡ್, ಸಂಡರ್‌ಲೆಂಡ್, ಡರ್ಹಮ್ ಮತ್ತು ಗೇಟ್ಸ್‌ಹೆಡ್ ಪಟ್ಟಣಗಳು. ಹಾಲ್ಡೇನ್ ಅವರ ಸ್ವಂತ ಕ್ಷೇತ್ರದ ಹ್ಯಾಡಿಂಗ್ಟನ್ ಪಟ್ಟಣವು ರಾಯಲ್ ಸ್ಕಾಟ್ಸ್ ರೆಜಿಮೆಂಟಿನ 8ನೆಯ ಬೆಟಾಲಿಯನ್ನಿಗೆ ಕೇಂದ್ರವಾಗಿತ್ತು.

ಪಡೆಗೆ ಸೇರುವವರ ವಯಸ್ಸು 17ರಿಂದ 35. ಸೇವೆಯ ಅವಧಿ ನಾಲ್ಕು ವರ್ಷ. ಗಣಿ ಕಾರ್ಮಿಕರು, ಗುಮಾಸ್ತರು, ಅಂಗಡಿಯ ನೌಕರರು ಮೊದಲಾದವರು ಸಂಜೆಯ ಹೊತ್ತು ಕವಾಯತು ಮಾಡಿ, ಬೇಸಿಗೆಯಲ್ಲಿ ಎರಡು ವಾರಗಳಷ್ಟು ಶಿಬಿರಕ್ಕೆ ಹೋಗುತ್ತಿದ್ದರು. ಕಾನೂನಿನ ಪ್ರಕಾರ ಇವರು ಸಾಗರ ದಾಟಿ ಹೋಗಬೇಕಾಗಿರಲಿಲ್ಲ. ಸ್ವಇಚ್ಛೆಯಿಂದ ಮಾತ್ರ ಪರದೇಶದ ಸೇವೆಗೆ ಸಮ್ಮತಿ ನೀಡಬಹುದಾಗಿತ್ತು.

ಟೀಕೆಗಳು

ಉದ್ದೇಶಿಸಿದ ಸುಮಾರು 3 ಲಕ್ಷ ಸಂಖ್ಯೆಯನ್ನು ಪಡೆ ಎಂದೂ ಮುಟ್ಟಲಿಲ್ಲ. 1909ರಲ್ಲಿ ಸುಮಾರು 2 ಲಕ್ಷ 70 ಸಾವಿರದವರೆಗೆ ಏರಿದ ಬಲ 1913ರ ವೇಳೆಗೆ ಸುಮಾರು 2 ಲಕ್ಷ 45 ಸಾವಿರಕ್ಕೆ ಇಳಿಯಿತು. ಪರದೇಶದ ಸೇವೆಗೆ ಮುಂಚಿತವಾಗಿ ಒಪ್ಪಿಗೆ ನೀಡಿದ್ದವರು ನೂರಕ್ಕೆ ಸುಮಾರು ಏಳು ಮಂದಿ ಮಾತ್ರ. ಫಿರಂಗಿಗಳು ಹಳೆಯವು, ತರಬೇತಿ ಅಲ್ಪ ಎಂಬ ಆಕ್ಷೇಪಗಳೂ ಇದ್ದವು. ಭಾರತದಲ್ಲಿ ಹಿಂದೆ ದಂಡನಾಯಕರಾಗಿದ್ದ ಲಾರ್ಡ್ ರಾಬರ್ಟ್ಸ್ ಅವರ ಮುಂದಾಳ್ತನದಲ್ಲಿ ರಾಷ್ಟ್ರೀಯ ಸೇವಾ ಲೀಗ್ ಎಂಬ ಸಂಘಟನೆ ಕಡ್ಡಾಯ ಸೈನಿಕ ಸೇವೆಯೊಂದೇ ಪರಿಹಾರವೆಂದು ವಾದಿಸಿತು. ಒತ್ತಾಯದಿಂದ ಬಂದವನಿಗಿಂತ ಊರಿನ ಅಭಿಮಾನದಿಂದ ಬಂದವನು ಮೇಲು ಎಂಬುದು ಹಾಲ್ಡೇನ್ ಅವರ ನಿಲುವಾಗಿತ್ತು.

ಬರ್ಲಿನ್ ಭೇಟಿ ಮತ್ತು ಲಾರ್ಡ್ ಚಾನ್ಸಲರ್ ಪದವಿ

ಜರ್ಮನ್ ಭಾಷೆಯನ್ನು ಚೆನ್ನಾಗಿ ಬಲ್ಲವರಾಗಿದ್ದುದರಿಂದ 1912ರ ಫೆಬ್ರವರಿಯಲ್ಲಿ ಮಂತ್ರಿಮಂಡಲವು ಹಾಲ್ಡೇನ್ ಅವರನ್ನು ಬರ್ಲಿನ್ನಿಗೆ ಕಳುಹಿಸಿತು. ಎರಡೂ ದೇಶಗಳ ನಡುವಿನ ಯುದ್ಧನೌಕೆಗಳ ಪೈಪೋಟಿಯನ್ನು ತಗ್ಗಿಸುವುದು ಭೇಟಿಯ ಉದ್ದೇಶವಾಗಿತ್ತು. ಚಕ್ರವರ್ತಿ ಎರಡನೆಯ ವಿಲ್ಹೆಲ್ಮ್ ಮತ್ತು ಅವರ ಮಂತ್ರಿಗಳೊಂದಿಗೆ ಮಾತುಕತೆ ನಡೆದರೂ ಒಪ್ಪಂದ ಸಾಧ್ಯವಾಗಲಿಲ್ಲ. ಅದೇ ವರ್ಷದ ಜೂನ್‌ನಲ್ಲಿ ಹಾಲ್ಡೇನ್ ದೇಶದ ಅತ್ಯುನ್ನತ ನ್ಯಾಯಪದವಿಯಾದ ಲಾರ್ಡ್ ಚಾನ್ಸಲರ್ ಸ್ಥಾನಕ್ಕೇರಿದರು. ಪ್ರಿವಿ ಕೌನ್ಸಿಲ್‌ನ ನ್ಯಾಯಾಧೀಶರಾಗಿ ಅವರು ನೀಡಿದ ತೀರ್ಪುಗಳು ಕೆನಡಾ ದೇಶದಲ್ಲಿ ಕೇಂದ್ರಕ್ಕಿಂತ ಪ್ರಾಂತ್ಯಗಳ ಅಧಿಕಾರವನ್ನು ಬಲಪಡಿಸಿದವು.

ಮಹಾಯುದ್ಧ ಮತ್ತು ಪದಚ್ಯುತಿ

1914ರ ಆಗಸ್ಟ್ ಆರಂಭದಲ್ಲಿ ಪ್ರಧಾನಿ ಆಸ್ಕ್ವಿತ್ ಅವರೇ ಯುದ್ಧ ಖಾತೆಯನ್ನೂ ನೋಡಿಕೊಳ್ಳುತ್ತಿದ್ದರು. ಅವರ ಕೋರಿಕೆಯ ಮೇರೆಗೆ ಹಾಲ್ಡೇನ್ ಕೆಲವು ದಿನ ಆ ಕಚೇರಿಗೆ ಮರಳಿ ಸೈನ್ಯವನ್ನು ಸಜ್ಜುಗೊಳಿಸುವ ಆದೇಶಗಳನ್ನು ಹೊರಡಿಸಿದರು. ಆಗಸ್ಟ್ 5ರಂದು ಲಾರ್ಡ್ ಕಿಚನರ್ ಯುದ್ಧ ಸಚಿವರಾದರು. ಕಿಚನರ್ ಅವರಿಗೆ ಪ್ರಾದೇಶಿಕ ಪಡೆಯ ಮೇಲೆ ವಿಶ್ವಾಸವಿರಲಿಲ್ಲ. ಸೈನ್ಯವನ್ನು ಹಿಗ್ಗಿಸಲು ಹಾಲ್ಡೇನ್ ರೂಪಿಸಿದ್ದ ಕೌಂಟಿ ಸಂಘಗಳನ್ನು ಬದಿಗಿರಿಸಿ ಅವರು ಪ್ರತ್ಯೇಕವಾದ ಹೊಸ ಸೈನ್ಯವನ್ನು ಕಟ್ಟತೊಡಗಿದರು.

ಆದರೆ ಆ ಹೊಸ ಸೈನ್ಯ ಸಿದ್ಧವಾಗಲು ತಿಂಗಳುಗಳೇ ಬೇಕಾಗಿದ್ದವು. ಆ ನಡುಗಾಲದ ಕೊರತೆಯನ್ನು ತುಂಬಿದ್ದು ಪ್ರಾದೇಶಿಕ ಪಡೆ. ಪರದೇಶದ ಸೇವೆಗೆ ಹಿಂದೆ ಒಪ್ಪದಿದ್ದವರಲ್ಲಿ ಬಹುಮಂದಿ ಈಗ ಮುಂದೆ ಬಂದರು. 1914ರ ಅಕ್ಟೋಬರ್ 31ರಂದು ಬೆಲ್ಜಿಯಮ್ಮಿನ ಮೆಸೀನ್ ಬಳಿ ಲಂಡನ್ ಸ್ಕಾಟಿಷ್ ಬೆಟಾಲಿಯನ್ ಕಾದಾಟಕ್ಕಿಳಿಯಿತು; ಪ್ರಾದೇಶಿಕ ಪಡೆಯ ಪದಾತಿ ಬೆಟಾಲಿಯನ್ನೊಂದು ಈ ಯುದ್ಧದಲ್ಲಿ ಹೋರಾಡಿದ್ದು ಇದೇ ಮೊದಲು. ಹ್ಯಾಡಿಂಗ್ಟನ್ನಿನ 8ನೆಯ ರಾಯಲ್ ಸ್ಕಾಟ್ಸ್ ನವೆಂಬರ್ ಮೊದಲ ವಾರದಲ್ಲಿ ಫ್ರಾನ್ಸಿಗೆ ಬಂದಿಳಿಯಿತು. ವರ್ಷಾಂತ್ಯದ ವೇಳೆಗೆ ಇಪ್ಪತ್ತಕ್ಕೂ ಹೆಚ್ಚು ಪ್ರಾದೇಶಿಕ ಬೆಟಾಲಿಯನ್‌ಗಳು ಅಲ್ಲಿದ್ದವು. 1915ರ ಏಪ್ರಿಲ್‌ನಲ್ಲಿ ಡರ್ಹಮ್ ಬೆಟಾಲಿಯನ್‌ಗಳನ್ನು ಒಳಗೊಂಡ ನಾರ್ತಂಬ್ರಿಯನ್ ಡಿವಿಜನ್ ಫ್ರಾನ್ಸಿಗೆ ಬಂದ ಕೆಲವೇ ದಿನಗಳಲ್ಲಿ ಈಪ್ರ್ ಕದನಕ್ಕೆ ನುಗ್ಗಬೇಕಾಯಿತು.

ಇದೇ ಅವಧಿಯಲ್ಲಿ ವೆಸೆಕ್ಸ್, ಎರಡನೆಯ ವೆಸೆಕ್ಸ್ ಮತ್ತು ಹೋಮ್ ಕೌಂಟೀಸ್ ಎಂಬ ಮೂರು ಪ್ರಾದೇಶಿಕ ಡಿವಿಜನ್‌ಗಳನ್ನು ಭಾರತಕ್ಕೆ ಕಳುಹಿಸಲಾಯಿತು. ಇಲ್ಲಿನ ದಂಡುಪ್ರದೇಶಗಳಲ್ಲಿದ್ದ ಕಾಯಂ ಬ್ರಿಟಿಷ್ ಸೈನಿಕರನ್ನು ರಣರಂಗಕ್ಕೆ ಬಿಡುಗಡೆ ಮಾಡುವುದು ಇದರ ಉದ್ದೇಶವಾಗಿತ್ತು. ಹೀಗೆ ಬಂದವರಲ್ಲಿ ಹಲವು ಬೆಟಾಲಿಯನ್‌ಗಳು ಮುಂದೆ ಮೆಸಪೊಟೇಮಿಯಾದಲ್ಲಿ ಹೋರಾಡಿದವು.

ಒಂದೇ ಊರಿನವರು ಒಂದೇ ತುಕಡಿಯಲ್ಲಿರುವ ಪದ್ಧತಿ ಪಡೆಗೆ ಒಗ್ಗಟ್ಟನ್ನು ಕೊಟ್ಟಂತೆಯೇ ನಷ್ಟವನ್ನೂ ಒಂದೇ ಊರಿನ ಮೇಲೆ ಹೇರಿತು. 1915ರ ಮೇ 22ರಂದು ಸ್ಕಾಟ್ಲೆಂಡಿನ ಗಡಿಯ ಬಳಿಯ ಕ್ವಿಂಟಿನ್ಸ್‌ಹಿಲ್‌ನಲ್ಲಿ ನಡೆದ ರೈಲು ದುರಂತದಲ್ಲಿ, ಗಲಿಪೊಲಿ ರಣರಂಗಕ್ಕೆ ಹೊರಟಿದ್ದ 7ನೆಯ ರಾಯಲ್ ಸ್ಕಾಟ್ಸ್ ಬೆಟಾಲಿಯನ್ನಿನ 200ಕ್ಕೂ ಹೆಚ್ಚು ಮಂದಿ ಮಡಿದರು. ಅವರಲ್ಲಿ ಬಹುತೇಕರು ಎಡಿನ್‌ಬರೋ ನೆರೆಯ ಲೀತ್ ಬಂದರು ಪಟ್ಟಣದ ಸುತ್ತಮುತ್ತಲಿನವರು.

ಅದೇ ವಾರ ಹಾಲ್ಡೇನ್ ಅಧಿಕಾರ ಕಳೆದುಕೊಂಡರು. ಯುದ್ಧ ಆರಂಭವಾದಂದಿನಿಂದ ಕೆಲವು ಪತ್ರಿಕೆಗಳು ಅವರ ಮೇಲೆ ಸತತವಾಗಿ ದಾಳಿ ನಡೆಸಿದ್ದವು. ಜರ್ಮನಿಯಲ್ಲಿ ಓದಿದ್ದು, ಬರ್ಲಿನ್ನಿಗೆ ಹೋಗಿಬಂದದ್ದು, ಲೋಟ್ಸೆ ಅವರ ತರಗತಿಯನ್ನು ತಮ್ಮ ಆಧ್ಯಾತ್ಮಿಕ ಮನೆಯೆಂದು ಹಿಂದೊಮ್ಮೆ ಬಣ್ಣಿಸಿದ್ದು ಎಲ್ಲವೂ ದ್ರೋಹದ ಕುರುಹುಗಳಂತೆ ಬಿಂಬಿತವಾದವು. 1915ರ ಮೇ ತಿಂಗಳಲ್ಲಿ ಸಮ್ಮಿಶ್ರ ಸರ್ಕಾರ ರಚನೆಯಾದಾಗ ಕನ್ಸರ್ವೇಟಿವ್ ಪಕ್ಷದವರು ಅವರನ್ನು ಕೈಬಿಡಬೇಕೆಂದು ಪಟ್ಟುಹಿಡಿದರು. ಹಳೆಯ ಸ್ನೇಹಿತರಾದ ಆಸ್ಕ್ವಿತ್ ಅದಕ್ಕೆ ಮಣಿದರು. ದೊರೆ ಐದನೆಯ ಜಾರ್ಜ್ ಅವರಿಗೆ ಆರ್ಡರ್ ಆಫ್ ಮೆರಿಟ್ ಪುರಸ್ಕಾರ ನೀಡಿ ಗೌರವಿಸಿದರು.

ಕೊನೆಯ ವರ್ಷಗಳು

1919ರ ಜುಲೈ 19ರಂದು ಲಂಡನ್ನಿನಲ್ಲಿ ವಿಜಯದ ಮೆರವಣಿಗೆ ನಡೆಯಿತು. ಅಂದು ಸಂಜೆ ಸೇನಾನಿ ಹೇಗ್ ಹಾಲ್ಡೇನ್ ಅವರ ಮನೆಗೆ ತೆರಳಿ ಅವರನ್ನು ಕಂಡರು. ತಮ್ಮ ಯುದ್ಧ ವರದಿಗಳ ಸಂಪುಟವನ್ನು ಕಾಣಿಕೆಯಾಗಿ ಕೊಟ್ಟು, ದೇಶ ಕಂಡ ಯುದ್ಧ ಸಚಿವರಲ್ಲಿ ಹಾಲ್ಡೇನ್ ಅವರೇ ಶ್ರೇಷ್ಠರೆಂಬ ಅಭಿಪ್ರಾಯವನ್ನು ಅದರಲ್ಲಿ ಬರೆದಿದ್ದರು.

ಯುದ್ಧಾನಂತರ ಹಾಲ್ಡೇನ್ ಲೇಬರ್ ಪಕ್ಷದ ಕಡೆಗೆ ವಾಲಿದರು. 1924ರಲ್ಲಿ ರ‍್ಯಾಮ್ಸೆ ಮ್ಯಾಕ್‌ಡೊನಾಲ್ಡ್ ಅವರ ಮೊದಲ ಲೇಬರ್ ಸರ್ಕಾರದಲ್ಲಿ ಮತ್ತೊಮ್ಮೆ ಲಾರ್ಡ್ ಚಾನ್ಸಲರ್ ಆದರು. ತತ್ತ್ವಶಾಸ್ತ್ರದ ಅಧ್ಯಯನವನ್ನು ಅವರು ಎಂದೂ ಬಿಡಲಿಲ್ಲ. ಸಾಪೇಕ್ಷತೆಯ ತಾತ್ತ್ವಿಕ ಮುಖವನ್ನು ಕುರಿತ ಅವರ ಗ್ರಂಥ 1921ರಲ್ಲಿ ಪ್ರಕಟವಾಯಿತು. ಆ ವರ್ಷ ಲಂಡನ್ನಿಗೆ ಬಂದ ಆಲ್ಬರ್ಟ್ ಐನ್‌ಸ್ಟೈನ್ ಹಾಲ್ಡೇನ್ ಅವರ ಅತಿಥಿಯಾಗಿದ್ದರು. 1928ರ ಆಗಸ್ಟ್ 19ರಂದು ಹಾಲ್ಡೇನ್ ಕ್ಲೋನ್‌ನಲ್ಲಿ ನಿಧನ ಹೊಂದಿದರು. ಅವರ ಆತ್ಮಕಥೆ ಮರುವರ್ಷ ಪ್ರಕಟವಾಯಿತು.

ಕುಟುಂಬ

ತಮ್ಮ ಜಾನ್ ಸ್ಕಾಟ್ ಹಾಲ್ಡೇನ್ ಉಸಿರಾಟದ ಕ್ರಿಯೆಯನ್ನು ಕುರಿತು ಸಂಶೋಧನೆ ನಡೆಸಿದ ಪ್ರಸಿದ್ಧ ಶರೀರಕ್ರಿಯಾ ವಿಜ್ಞಾನಿ. ತಂಗಿ ಎಲಿಜಬೆತ್ ಹಾಲ್ಡೇನ್ ಲೇಖಕಿ ಹಾಗೂ ಸಮಾಜಸೇವಕಿ. ಜಾನ್ ಅವರ ಮಗ ಜೆ. ಬಿ. ಎಸ್. ಹಾಲ್ಡೇನ್ ತಳಿವಿಜ್ಞಾನಿಯಾಗಿ ಹೆಸರಾಗಿ, 1957ರಲ್ಲಿ ಭಾರತಕ್ಕೆ ಬಂದು ನೆಲೆಸಿ, ಇಲ್ಲಿನ ಪೌರತ್ವ ಪಡೆದು 1964ರಲ್ಲಿ ಭುವನೇಶ್ವರದಲ್ಲಿ ನಿಧನರಾದರು.

ಪರಂಪರೆ

1916ರಲ್ಲಿ ಕಡ್ಡಾಯ ಸೈನಿಕ ಸೇವೆ ಜಾರಿಗೆ ಬಂದಾಗ ಪ್ರಾದೇಶಿಕ ಸೈನಿಕರು ಸ್ವದೇಶದಲ್ಲಿಯೇ ಉಳಿಯುವ ಹಕ್ಕನ್ನು ಕಳೆದುಕೊಂಡರು. ಯುದ್ಧಾನಂತರ, 1920ರಲ್ಲಿ ಪಡೆಯನ್ನು ಮತ್ತೆ ಸಂಘಟಿಸಲಾಯಿತು. ಅದು ಟೆರಿಟೋರಿಯಲ್ ಆರ್ಮಿ ಎಂದು ಹೆಸರಾಯಿತು. ಇಂದಿನ ಬ್ರಿಟಿಷ್ ಆರ್ಮಿ ರಿಸರ್ವ್ ಅದರ ಮುಂದುವರಿಕೆ. ಬ್ರಿಟಿಷ್ ಭಾರತದಲ್ಲಿ 1920ರ ಕಾಯಿದೆಯ ಮೂಲಕ ಇಂಡಿಯನ್ ಟೆರಿಟೋರಿಯಲ್ ಫೋರ್ಸ್ ರಚನೆಯಾಗಿತ್ತು. ಸ್ವತಂತ್ರ ಭಾರತದ ಟೆರಿಟೋರಿಯಲ್ ಆರ್ಮಿ 1949ರಲ್ಲಿ ಆರಂಭವಾಯಿತು. ತಮ್ಮ ನಿತ್ಯದ ಉದ್ಯೋಗದಲ್ಲಿದ್ದುಕೊಂಡೇ ಬಿಡುವಿನ ವೇಳೆಯಲ್ಲಿ ತರಬೇತಿ ಪಡೆದು, ಅಗತ್ಯ ಬಿದ್ದಾಗ ಸೇವೆಗೆ ಬರುವ ನಾಗರಿಕ ಸೈನಿಕರ ಕಲ್ಪನೆ ಇವೆಲ್ಲದರಲ್ಲಿಯೂ ಉಳಿದುಕೊಂಡಿದೆ.