ಮೂಕಿ ಚಿತ್ರಗಳ ವಿಕ್ಟರ್ ಶೋಸ್ಟ್ರೋಮ್

ಈ ಸಲ ನಾನು ಸ್ವೀಡನ್ ದೇಶದ ಒಬ್ಬ ನಟ ಮತ್ತು ನಿರ್ದೇಶಕರ ಬಗ್ಗೆ ಬರೆಯುತ್ತಿದ್ದೇನೆ. ಹೆಸರು ವಿಕ್ಟರ್ ಶೋಸ್ಟ್ರೋಮ್. ಹೇಳೋಕೆ ಕಷ್ಟ, ಎರಡು ಸಲ ಹೇಳಿದ್ರೆ ಬರುತ್ತೆ.

ಇವರು ಹುಟ್ಟಿದ್ದು 1879ರ ಸೆಪ್ಟೆಂಬರ್ 20ರಂದು. ಒಂದು ವರ್ಷದ ಕೂಸಾಗಿದ್ದಾಗಲೇ ಮನೆಯವರೆಲ್ಲ ಅಮೆರಿಕಕ್ಕೆ ಹೋದರು. ಏಳನೇ ವಯಸ್ಸಿನಲ್ಲಿ ಅಮ್ಮ ತೀರಿಕೊಂಡರು. ಆಮೇಲೆ ಸ್ವೀಡನ್ನಿಗೆ ವಾಪಸು ಬಂದು ನೆಂಟರ ಮನೆಯಲ್ಲಿ ಬೆಳೆದರು. ನಾನೂ ಅಜ್ಜಿ ಮನೆಯಲ್ಲಿದ್ದು ಓದುತ್ತಿರುವವನು. ಅದಕ್ಕೇ ಇದನ್ನು ಓದಿದಾಗ ಸ್ವಲ್ಪ ಹೊತ್ತು ಪುಸ್ತಕ ಮುಚ್ಚಿಟ್ಟೆ.

17ನೇ ವಯಸ್ಸಿಗೆ ನಾಟಕ ಕಂಪನಿ ಸೇರಿದರು. 1912ರಲ್ಲಿ ಸಿನಿಮಾಕ್ಕೆ ಬಂದರು. ಆಗ ಸಿನಿಮಾದಲ್ಲಿ ಮಾತೇ ಇರಲಿಲ್ಲ, ಎಲ್ಲಾ ಮುಖದಲ್ಲೇ ತೋರಿಸಬೇಕು. 1913ರಲ್ಲಿ ಇಂಗೆಬೋರ್ಗ್ ಹೋಲ್ಮ್ ಅನ್ನುವ ಚಿತ್ರ ಮಾಡಿದರು. ಅದರಲ್ಲಿ ಗಂಡ ಸತ್ತು ಅಂಗಡಿ ಮುಳುಗಿ ಒಬ್ಬ ತಾಯಿ ಬಡವರ ಆಶ್ರಮ ಸೇರುತ್ತಾಳೆ. ಮಕ್ಕಳನ್ನು ಬೇರೆ ಬೇರೆ ಮನೆಗೆ ಕಳಿಸಿಬಿಡ್ತಾರೆ. ಮುಂದೆ ಅವಳ ಚಿಕ್ಕ ಮಗುವಿಗೆ ಅಮ್ಮನ ಗುರುತೇ ಸಿಗೋದಿಲ್ಲ! ಅವಳಿಗೆ ಬುದ್ಧಿ ಕೆಡುತ್ತದೆ. ಈ ಚಿತ್ರ ನೋಡಿ ಸ್ವೀಡನ್ನಿನಲ್ಲಿ ಬಡವರ ಕಾನೂನಿನ ಬಗ್ಗೆ ದೊಡ್ಡ ಚರ್ಚೆಯೇ ನಡೆಯಿತು.

1921ರಲ್ಲಿ ಸಾವಿನ ಗಾಡಿಯ ಕಥೆ ಬಂತು. ಕಾದಂಬರಿ ಬರೆದವರು ನೊಬೆಲ್ ಬಹುಮಾನ ಪಡೆದ ಸೆಲ್ಮಾ ಲಾಗರ್‌ಲೋಫ್. ವರ್ಷದ ಕೊನೇ ರಾತ್ರಿ ಕಟ್ಟಕಡೆಗೆ ಸತ್ತವನು ಮುಂದಿನ ವರ್ಷವೆಲ್ಲ ಆ ಗಾಡಿ ಹೊಡೆಯಬೇಕು! ಕುಡುಕನ ಪಾತ್ರ ಶೋಸ್ಟ್ರೋಮ್ ಅವರದೇ. ಒಂದೇ ಫಿಲಂ ಮೇಲೆ ಮತ್ತೆ ಮತ್ತೆ ಚಿತ್ರ ತೆಗೆದು, ಗಾಡಿ ಗಾಳಿಯ ಹಾಗೆ ಕಾಣುವಂತೆ ಮಾಡಿದರು. ಆಗ ಕಂಪ್ಯೂಟರ್ ಎಲ್ಲಿತ್ತು?

ಆಮೇಲೆ ಹಾಲಿವುಡ್ಡಿಗೆ ಹೋದರು. ಅಲ್ಲಿ ಇವರ ಹೆಸರನ್ನೇ ಸೀಸ್ಟ್ರೋಮ್ ಅಂತ ಬದಲಾಯಿಸಿದರು, ನನಗೆ ಅದು ಹಿಡಿಸಲಿಲ್ಲ. 1928ರ ದಿ ವಿಂಡ್ ಚಿತ್ರವನ್ನು ಮರುಭೂಮಿಯ ಸುಡುಬಿಸಿಲಲ್ಲಿ, ವಿಮಾನದ ಫ್ಯಾನಿನಿಂದ ಮರಳು ಎಬ್ಬಿಸಿ ತೆಗೆದರು. ಮಾತಿನ ಚಿತ್ರ ಬಂದ ಮೇಲೆ ಊರಿಗೆ ಮರಳಿದರು.

1957ರಲ್ಲಿ ಇಂಗ್ಮಾರ್ ಬರ್ಗ್‌ಮನ್ ಅವರ ವೈಲ್ಡ್ ಸ್ಟ್ರಾಬೆರೀಸ್ ಚಿತ್ರದಲ್ಲಿ ಮುದುಕ ಡಾಕ್ಟರ ಪಾತ್ರ ಮಾಡಿದರು. ಆಗ 78 ವರ್ಷ ಹತ್ತಿರ. 1960ರ ಜನವರಿ 3ರಂದು ತೀರಿಕೊಂಡರು. ಆ ಚಿತ್ರದ ಕೊನೆಯಲ್ಲಿ ಮುದುಕ ಮಲಗಿ ಚಿಕ್ಕಂದಿನದು ನೆನೆಯುತ್ತಾನೆ. ನೀರಿನ ದಡದಲ್ಲಿ ಅಪ್ಪ ಮೀನು ಹಿಡಿಯುತ್ತಿದ್ದಾನೆ, ಪಕ್ಕದಲ್ಲಿ ಅಮ್ಮ ಕೂತಿದ್ದಾಳೆ. ಇಬ್ಬರೂ ದೂರದಿಂದ ಇವನ ಕಡೆ ಕೈ ಬೀಸುತ್ತಾರೆ.