ಕ್ಯಾಮರಾದ ಕಣ್ಣು: ಡ್ಜಿಗಾ ವೆರ್ಟೋವ್

ಇಂದು ಪೋಲೆಂಡಿಗೆ ಸೇರಿರುವ ಬಿಯಾಲಿಸ್ಟೋಕ್ ನಗರವು ೧೮೯೬ರಲ್ಲಿ ರಷ್ಯದ ಚಕ್ರವರ್ತಿಯ ಆಳ್ವಿಕೆಯಲ್ಲಿದ್ದಿತು. ಊರು ನಿಂತಲ್ಲಿಯೇ ನಿಂತಿರಲು ಅದರ ರಾಜ್ಯವು ಬದಲಾಗುವುದೆಂದರೇನೆಂಬುದನ್ನು ನಮ್ಮ ಓದುಗರಿಗೆ ವಿವರಿಸಬೇಕಾಗಿಲ್ಲ. ಆ ವರ್ಷ ಅಲ್ಲಿಯ ಯೆಹೂದಿ ಮನೆತನವೊಂದರಲ್ಲಿ ಡೇವಿಡ್ ಕೌಫ್‌ಮನ್ ಜನಿಸಿದನು. ಮೊದಲ ಮಹಾಯುದ್ಧದ ಕಾಲದಲ್ಲಿ ಕುಟುಂಬವು ರಷ್ಯದ ಒಳನಾಡಿಗೆ ವಲಸೆ ಹೋಯಿತು. ತರುಣನು ಡ್ಜಿಗಾ ವೆರ್ಟೋವ್ ಎಂಬ ಹೊಸ ಹೆಸರನ್ನಿಟ್ಟುಕೊಂಡನು. ಗಿರ್ರನೆ ತಿರುಗುವ ಬುಗುರಿಯ ಭಾವವು ಅದರಲ್ಲಿದೆ. ಬಾಳಿನುದ್ದಕ್ಕೂ ಚಿತ್ರಸುರುಳಿಯನ್ನು ತಿರುಗಿಸಿದವನಿಗೆ ಅದು ಒಪ್ಪುವ ಹೆಸರೇ ಸರಿ.

೧೯೧೮ರಲ್ಲಿ ಮಾಸ್ಕೋದಲ್ಲಿ ವಾರ್ತಾಚಿತ್ರಗಳ ಕೆಲಸಕ್ಕೆ ಸೇರಿದ ವೆರ್ಟೋವನು, ೧೯೨೨ರಿಂದ ೧೯೨೫ರವರೆಗೆ ‘ಕಿನೊ-ಪ್ರಾವ್ದಾ’ ಎಂಬ ಚಿತ್ರಮಾಲೆಯ ೨೩ ಸಂಚಿಕೆಗಳನ್ನು ಹೊರತಂದನು. ಚಿತ್ರ-ಸತ್ಯವೆಂದು ಆ ಹೆಸರಿನ ಅರ್ಥ. ಕಥೆ, ನಟರು, ರಂಗಸಜ್ಜು ಇವು ಚಲನಚಿತ್ರಕ್ಕೆ ಪರಕೀಯವೆಂದೂ, ಕ್ಯಾಮರಾವು ಮನುಷ್ಯನ ಕಣ್ಣಿಗಿಂತ ಚುರುಕಾದ ಬೇರೊಂದು ಕಣ್ಣೆಂದೂ ಆತನ ವಾದವಾಗಿದ್ದಿತು. ೧೯೨೪ರ ‘ಕಿನೊ-ಗ್ಲಾಜ್’ ಚಿತ್ರದಲ್ಲಿ ಸುರುಳಿಯನ್ನು ಹಿಂದಕ್ಕೆ ಓಡಿಸಿ, ಮಾಂಸವು ಮರಳಿ ಜೀವಂತ ಹೋರಿಯಾಗುವುದನ್ನೂ ರೊಟ್ಟಿಯು ಹೊಲದ ಪೈರಾಗುವುದನ್ನೂ ತೋರಿಸಿದನು. ಇದನ್ನು ಬರಿಯ ಕಣ್ಕಟ್ಟೆನ್ನಲು ನಾವು ಒಪ್ಪೆವು. ಉಣ್ಣುವವನ ತಟ್ಟೆಯ ಹಿಂದೆ ಎಷ್ಟು ಕೈಗಳು ದುಡಿದಿವೆಯೆಂಬುದನ್ನು ಹೀಗೆ ಕಾಣಿಸಿದವರು ವಿರಳ.

೧೯೨೭ರಲ್ಲಿ ಮಾಸ್ಕೋದ ಸಂಸ್ಥೆಯಿಂದ ಹೊರಬಿದ್ದವನಿಗೆ ಉಕ್ರೇನು ಆಶ್ರಯವಿತ್ತಿತು. ‘ಚಲನಚಿತ್ರ ಕ್ಯಾಮರಾ ಹಿಡಿದ ಮನುಷ್ಯ’ (೧೯೨೯) ಅದರ ಫಲ. ಕೀವ್, ಒಡೆಸ್ಸಾ, ಮಾಸ್ಕೋಗಳಲ್ಲಿ ತೆಗೆದ ದೃಶ್ಯಗಳು ಅದರಲ್ಲಿ ಒಂದೇ ನಗರದ ಒಂದೇ ದಿನವಾಗಿ ಬೆಸೆದುಕೊಂಡಿವೆ. ಕ್ಯಾಮರಾ ಹಿಡಿದವನು ತಮ್ಮನಾದ ಮಿಖಾಯಿಲನು. ಸುರುಳಿಗಳನ್ನು ಜೋಡಿಸಿದವಳು ಪತ್ನಿ ಎಲಿಜವೆತಾ ಸ್ವಿಲೋವಾ. ಓಡುತ್ತಿರುವ ಕುದುರೆಯು ತೆರೆಯ ಮೇಲೆ ತಟಕ್ಕನೆ ಸ್ತಬ್ಧವಾಗುತ್ತದೆ. ಸ್ವಿಲೋವಾಳ ಮೇಜಿನ ಮೇಲಿನ ಪಟ್ಟಿಗಳಲ್ಲಿ ಮಕ್ಕಳ ಮುಖಗಳು ನಿಶ್ಚಲವಾಗಿರುತ್ತವೆ. ಮರುಕ್ಷಣದಲ್ಲಿಯೇ ಅವು ನಗತೊಡಗುತ್ತವೆ. ಜೀವ ಬರುವ ಆ ಗಳಿಗೆಯನ್ನು ನೋಡಿದವರು ಮರೆಯಲಾರರು. ಈ ಚಿತ್ರದ ಬಳಿಕ ಸೋದರರು ಬೇರಾದರು.

೧೯೩೦ರಲ್ಲಿ ದೋನ್‌ಬಾಸಿನ ಗಣಿಗಳಿಗೆ ಧ್ವನಿಯಂತ್ರವನ್ನೇ ಹೊತ್ತೊಯ್ದು, ಯಂತ್ರಗಳ ಸದ್ದಿನಿಂದ ‘ಉತ್ಸಾಹ’ವೆಂಬ ಚಿತ್ರವನ್ನು ನಿರ್ಮಿಸಿದನು. ಚಾಪ್ಲಿನನು ಇದನ್ನು ಮೆಚ್ಚಿದನು. ಆದರೆ ಇದೇ ಚಿತ್ರದಲ್ಲಿ ಇಗರ್ಜಿಗಳ ಶಿಲುಬೆಗಳನ್ನು ಕೆಡಹುವ ದೃಶ್ಯವು ಸಂಭ್ರಮವಾಗಿ ಬರುತ್ತದೆ; ೧೯೩೭ರ ‘ಜೋಗುಳ’ವು ಸ್ಟಾಲಿನನ ಸ್ತುತಿಯಾಯಿತು. ಸತ್ಯವನ್ನರಸಿ ಹೊರಟವನು ಸರಕಾರವು ಬೊಟ್ಟುಮಾಡಿದ ಕಡೆಗೇ ಮಸೂರವನ್ನು ತಿರುಗಿಸಿದನೆಂಬ ಆಕ್ಷೇಪವನ್ನು ನಾವು ತಳ್ಳಿಹಾಕಲಾರೆವು. ಆ ಸರಕಾರವಾದರೂ ಆತನನ್ನು ಉಳಿಸಿಕೊಂಡಿತೇ? ರೂಪವಾದಿಯೆಂಬ ಹಣೆಪಟ್ಟಿ ಅಂಟಿತು. ೧೯೪೪ರಿಂದ, ೧೯೫೪ರ ಫೆಬ್ರವರಿ ೧೨ರಂದು ಕೊನೆಯುಸಿರೆಳೆಯುವವರೆಗೆ, ಸಾಧಾರಣ ವಾರ್ತಾಚಿತ್ರಗಳನ್ನು ಜೋಡಿಸುವುದೇ ಆತನ ಪಾಲಿಗುಳಿಯಿತು.

೧೯೬೧ರಲ್ಲಿ ಫ್ರಾನ್ಸಿನ ಜಾನ್ ರೂಶ್ ಮತ್ತು ಎಡ್ಗಾರ್ ಮೊರಾನ್ ತಮ್ಮ ಚಿತ್ರಕ್ಕೆ ಚಿತ್ರ-ಸತ್ಯವೆಂಬ ಆ ಹೆಸರನ್ನೇ ಫ್ರೆಂಚಿನಲ್ಲಿ ಬಳಸಿದರು. ೨೦೧೪ರಲ್ಲಿ ಬ್ರಿಟಿಷ್ ಪತ್ರಿಕೆಯೊಂದು ನಡೆಸಿದ ಅಭಿಪ್ರಾಯ ಸಂಗ್ರಹದಲ್ಲಿ, ೧೯೨೯ರ ಚಿತ್ರವು ಸಾಕ್ಷ್ಯಚಿತ್ರಗಳಲ್ಲಿ ಮೊದಲ ಸ್ಥಾನವನ್ನು ಪಡೆಯಿತು. ಸ್ವಿಲೋವಾಳು ೧೯೭೫ರಲ್ಲಿ ತೀರಿಕೊಳ್ಳುವವರೆಗೂ ಪತಿಯ ಕಾಗದಪತ್ರಗಳನ್ನು ಜೋಪಾನ ಮಾಡಿದಳು. ಅವುಗಳಲ್ಲೊಂದು ಭಾಗವು ವಿಯೆನ್ನಾದ ಚಲನಚಿತ್ರ ಸಂಗ್ರಹಾಲಯದಲ್ಲಿದೆ.