ಗೋಪಾಲ ಗಣೇಶ ಆಗರಕರ್ (1856–1895)

ಪತ್ರಕರ್ತ ಹಾಗೂ ಸಮಾಜ ಸುಧಾರಕ ಗೋಪಾಲ ಗಣೇಶ ಆಗರಕರ್‌ರವರು ಸಾತಾರಾ ಜಿಲ್ಲೆಯ ಟೆಂಭು ಗ್ರಾಮದ ಬಡ ಕುಟುಂಬದಲ್ಲಿ ಜನಿಸಿದರು. ಪುಣೆಯ ಡೆಕ್ಕನ್ ಕಾಲೇಜಿನಲ್ಲಿ ವ್ಯಾಸಂಗ ಮಾಡಿದ ಇವರು, 1881ರಲ್ಲಿ ಬಾಲಗಂಗಾಧರ ತಿಲಕರು ಮತ್ತು ಇತರರೊಡನೆ ಆರಂಭಿಸಿದ ಮರಾಠಿ ಪತ್ರಿಕೆ ‘ಕೇಸರಿ’ಯ ಪ್ರಥಮ ಸಂಪಾದಕರಾದರು.

ಬುದ್ಧಿಭ್ರಮಣೆಯ ಕಾರಣ ನೀಡಿ ನಿರ್ಬಂಧದಲ್ಲಿರಿಸಲಾಗಿದ್ದ ಕೊಲ್ಹಾಪುರದ ಯುವ ಮಹಾರಾಜರಿಗೆ ಕಿರುಕುಳ ನೀಡಲಾಗುತ್ತಿದೆಯೆಂದು ‘ಕೇಸರಿ’ ಹಾಗೂ ತಿಲಕರ ‘ಮರಾಠಾ’ ಪತ್ರಿಕೆಗಳು ಆರೋಪಿಸಿದವು. ಸಂಸ್ಥಾನದ ದಿವಾನರಾದ ಮಾಧವರಾವ್ ಬರ್ವೆಯವರು ಇವರೀರ್ವರ ವಿರುದ್ಧ ಮಾನಹಾನಿಯ ಕ್ರಿಮಿನಲ್ ಮೊಕದ್ದಮೆ ಹೂಡಿದರು.

1860ರ ಭಾರತ ದಂಡ ಸಂಹಿತೆಯ 499ನೇ ಪ್ರಕರಣದ ಮೇರೆಗೆ, ಸಾರ್ವಜನಿಕ ಹಿತಕ್ಕಾಗಿ ಪ್ರಕಟಿಸಿದ ಸತ್ಯಾಂಶವು ಮಾನಹಾನಿ ಎನಿಸುತ್ತಿರಲಿಲ್ಲ. ಆದರೆ ಅದನ್ನು ರುಜುವಾತುಪಡಿಸುವ ಹೊಣೆ ಆಪಾದಿತರದಾಗಿತ್ತು. ಪತ್ರಿಕೆಗಳು ಆಧಾರವಾಗಿ ನಂಬಿದ್ದ ಪತ್ರಗಳು ನಕಲಿಯೆಂದು ಕಂಡುಬಂದವು. ಸಂಪಾದಕರು ಕ್ಷಮೆ ಯಾಚಿಸಿದರೂ 1882ರ ಜುಲೈನಲ್ಲಿ ತಲಾ ನಾಲ್ಕು ತಿಂಗಳ ಸಾದಾ ಕಾರಾವಾಸ ವಿಧಿಸಲಾಯಿತು.

ಮುಂಬಯಿಯ ಡೋಂಗರಿ ಕಾರಾಗೃಹದಲ್ಲಿ 101 ದಿನಗಳನ್ನು ಕಳೆದು ಅಕ್ಟೋಬರ್ 26ರಂದು ಈರ್ವರೂ ಬಿಡುಗಡೆ ಹೊಂದಿದರು. ಈ ಅನುಭವವನ್ನು ಆಗರಕರ್‌ರವರು ಪುಸ್ತಕರೂಪದಲ್ಲಿ ದಾಖಲಿಸಿದರು. ಶಿಕ್ಷೆಯಿಂದ ಅವರ ಲೇಖನಿ ನಿಲ್ಲಲಿಲ್ಲ. ಸಮಾಜ ಸುಧಾರಣೆಯ ವಿಷಯದಲ್ಲಿ ತಿಲಕರೊಡನೆ ಭಿನ್ನಾಭಿಪ್ರಾಯ ಉಂಟಾಗಿ ‘ಕೇಸರಿ’ಯನ್ನು ತೊರೆದು, 1888ರಲ್ಲಿ ‘ಸುಧಾರಕ’ ಪತ್ರಿಕೆಯನ್ನು ಸ್ಥಾಪಿಸಿ ಬಾಲ್ಯವಿವಾಹ, ವಿಧವೆಯರ ಕೇಶಮುಂಡನ ಮುಂತಾದ ಪದ್ಧತಿಗಳನ್ನು ಖಂಡಿಸಿದರು. ವಿರೋಧಿಗಳು ಅವರು ಜೀವಂತವಿರುವಾಗಲೇ ಅಣಕು ಶವಯಾತ್ರೆ ನಡೆಸಿದರೂ ಧೃತಿಗೆಡಲಿಲ್ಲ. 1892ರಿಂದ ಫರ್ಗ್ಯುಸನ್ ಕಾಲೇಜಿನ ಪ್ರಾಂಶುಪಾಲರಾಗಿದ್ದ ಇವರು 1895ರ ಜೂನ್ 17ರಂದು ತಮ್ಮ 38ನೇ ವಯಸ್ಸಿನಲ್ಲಿ ನಿಧನರಾದರು.

ಮಾನಹಾನಿಯು ಇಂದಿಗೂ ದಂಡನೀಯ ಅಪರಾಧವಾಗಿದೆ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 356ನೇ ಪ್ರಕರಣದಲ್ಲಿ ಎರಡು ವರ್ಷಗಳವರೆಗಿನ ಸಾದಾ ಕಾರಾವಾಸ, ಜುಲ್ಮಾನೆ ಅಥವಾ ಸಮುದಾಯ ಸೇವೆಗೆ ಅವಕಾಶವಿದೆ. ದಿಟ್ಟ ಬರವಣಿಗೆಗೆ ಪರಿಶೀಲಿಸಿದ ದಾಖಲೆಯೇ ರಕ್ಷೆಯೆಂಬುದನ್ನು ಆಗರಕರ್‌ರವರ ಜೀವನ ತಿಳಿಸುತ್ತದೆ.